ಪೊಲೀಸ್ ರಿಜಿಸ್ಟರಿನಿಂದ ಪಹಣಿಯವರೆಗೆ

ತೊಂಬತ್ತರ ದಶಕದ ಮಧ್ಯಭಾಗದಲ್ಲಿ ಉತ್ತರ ಕರ್ನಾಟಕದ ಒಂದು ಉಪವಿಭಾಗದಲ್ಲಿ ನಾನು ಸಹಾಯಕ ಆಯುಕ್ತನಾಗಿದ್ದೆ. ಭೂಕಂದಾಯ ಕಾಯ್ದೆಯ 136ನೇ ಪ್ರಕರಣದಡಿ ಬರುವ ಮೇಲ್ಮನವಿಗಳ ವಿಚಾರಣೆಯಲ್ಲಿ ಒಂದು ದಿನ ಸೀರೆಯುಟ್ಟು, ಹಣೆತುಂಬ ಭಂಡಾರ ಹಚ್ಚಿಕೊಂಡ, ಗಂಡುಧ್ವನಿಯ ಒಬ್ಬರು ಮೇಲ್ಮನವಿದಾರರಾಗಿ ನಿಂತಿದ್ದರು. ಎಲ್ಲಮ್ಮನ ಹೆಸರಿನಲ್ಲಿ ಮುತ್ತು ಕಟ್ಟಿಸಿಕೊಂಡ ಜೋಗಪ್ಪ ಅವರು. ಅವರ ಗುರು ತೀರಿಕೊಂಡಿದ್ದರು. ಗುರುವೂ ಜೋಗಪ್ಪನೇ, ಜೋಗ ಬೇಡಿ, ಕುಣಿದು ಉಳಿಸಿದ ಹಣದಲ್ಲಿ ಕೊಂಡಿದ್ದ ಒಂದೂಕಾಲು ಎಕರೆ ಖುಷ್ಕಿ ಜಮೀನು ಆ ಗುರುವಿನ ಹೆಸರಿನಲ್ಲಿತ್ತು. ಹದಿನೆಂಟು ವರ್ಷ ಒಂದೇ ಸೂರಿನಡಿ ಬದುಕಿ, ಕೊನೆಯ ಎರಡು ವರ್ಷ ಹಾಸಿಗೆ ಹಿಡಿದ ಗುರುವನ್ನು ನೋಡಿಕೊಂಡ ಶಿಷ್ಯೆ, ಪಹಣಿಯಲ್ಲಿ ತನ್ನ ಹೆಸರು ದಾಖಲಿಸಬೇಕೆಂದು ಕೋರಿದ್ದರು. ಗುರುವಿನ ಅಣ್ಣನ ಮಕ್ಕಳು ತಕರಾರು ತೆಗೆದಿದ್ದರು. ಸೀರೆ ಉಟ್ಟ ದಿನವೇ ಆ ಗುರುವನ್ನು ಮನೆಯಿಂದ ಹೊರಹಾಕಿದ್ದು ಇದೇ ಕುಟುಂಬ ಎಂಬುದನ್ನು ಅವರೂ ಅಲ್ಲಗಳೆಯಲಿಲ್ಲ.

ಉಯಿಲು ಬರೆದಿರಲಿಲ್ಲ. ಸಾಯುವ ಮುನ್ನ ಊರ ಹಿರಿಯರೆದುರು ಬಾಯಿಮಾತಿನಲ್ಲಿ ಹೇಳಿದ್ದರಂತೆ. ಬಾಯಿಮಾತಿಗೆ ಉತ್ತರಾಧಿಕಾರದ ಕಾನೂನಿನಲ್ಲಿ ಬೆಲೆಯಿಲ್ಲ. ಗ್ರಾಮಲೆಕ್ಕಿಗರು ತಯಾರಿಸಿದ ವಂಶವೃಕ್ಷದಲ್ಲಿ ಶಿಷ್ಯೆಗೆ ಕೊಂಬೆಯಿರಲಿಲ್ಲ. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯ ಅನುಸೂಚಿಯಲ್ಲಿ ಅಣ್ಣನ ಮಗನಿದ್ದಾನೆ. ಗುರು ಇಲ್ಲ, ಶಿಷ್ಯೆ ಇಲ್ಲ. ನಾನು ಎರಡು ಪುಟಗಳ ಆದೇಶ ಬರೆದು ಮೇಲ್ಮನವಿಯನ್ನು ವಜಾ ಮಾಡಿದೆ. ಊರೆಲ್ಲ ‘ಅವ್ವ’ ಎಂದು ಕರೆಯುತ್ತಿದ್ದ ಮೃತರನ್ನು ಆದೇಶದುದ್ದಕ್ಕೂ ‘ಆತ’ ಎಂದು ಉಲ್ಲೇಖಿಸಿದೆ. ನನಗೆ ತಿಳಿದ ಮಟ್ಟಿಗೆ ಆ ಆದೇಶದಲ್ಲಿ ಕಾನೂನಿನ ತಪ್ಪಿರಲಿಲ್ಲ; ಯಾರೂ ಅದನ್ನು ಪ್ರಶ್ನಿಸಲೂ ಇಲ್ಲ.

ನಿವೃತ್ತಿಯ ನಂತರ ಹಳೆಯ ಕಾಯ್ದೆಗಳನ್ನು ಓದುವ ಚಟ ಅಂಟಿಕೊಂಡಿದೆ. ಹಾಗೆ ಓದುವಾಗ 1871ರ ಕ್ರಿಮಿನಲ್ ಬುಡಕಟ್ಟುಗಳ ಕಾಯ್ದೆ ಕೈಗೆ ಬಂತು. ಅಲೆಮಾರಿ ಸಮುದಾಯಗಳನ್ನು ಹುಟ್ಟಿನಿಂದಲೇ ಅಪರಾಧಿಗಳೆಂದು ಸಾರಿದ ಕರಾಳ ಶಾಸನ ಎಂದು ಅದನ್ನು ನಾವೆಲ್ಲ ಬಲ್ಲೆವು. ಅದಕ್ಕೆ ಎರಡನೆಯ ಭಾಗವೊಂದು ಇತ್ತು ಎಂಬುದು, ಮೂರು ದಶಕಕ್ಕೂ ಹೆಚ್ಚು ಕಾಲ ಸರ್ಕಾರದ ಕೆಲಸ ಮಾಡಿದ ನನಗೂ ತಿಳಿದಿರಲಿಲ್ಲ. ಆ ಭಾಗ ಇಂದು ನಾವು ಲಿಂಗತ್ವ ಅಲ್ಪಸಂಖ್ಯಾತರು ಎಂದು ಕರೆಯುವ ಜನರಿಗೆ, ಮುಖ್ಯವಾಗಿ ಹಿಜಡಾ ಸಮುದಾಯಕ್ಕೆ, ಮೀಸಲಾಗಿತ್ತು. ಮಕ್ಕಳನ್ನು ಅಪಹರಿಸುವ, ಅವರ ವೃಷಣಚ್ಛೇದ ಮಾಡುವ ಅಥವಾ ದಂಡಸಂಹಿತೆಯ 377ನೇ ಕಲಮಿನ ಅಪರಾಧವೆಸಗುವ ‘ಸಂಶಯ’ಕ್ಕೆ ಪಾತ್ರರಾದವರ ಹೆಸರು, ವಾಸಸ್ಥಳ ಮತ್ತು ಆಸ್ತಿಯ ರಿಜಿಸ್ಟರ್ ಇಡಬೇಕು ಎಂದು ಅದು ವಿಧಿಸಿತು. ಅಪರಾಧ ರುಜುವಾತಾಗಬೇಕಿರಲಿಲ್ಲ. ರಿಜಿಸ್ಟರಿಗೆ ಸೇರಿದವರು ಹೆಣ್ಣುಡುಗೆ ತೊಟ್ಟು ಬೀದಿಯಲ್ಲಿ ಕಾಣಿಸಿಕೊಂಡರೆ, ಸಾರ್ವಜನಿಕವಾಗಿ ಅಥವಾ ಯಾರದಾದರೂ ಮನೆಯಲ್ಲಿ ಹಣಕ್ಕಾಗಿ ಹಾಡಿ ಕುಣಿದರೆ, ವಾರಂಟ್ ಇಲ್ಲದೆ ಬಂಧನ. ಎರಡು ವರ್ಷದವರೆಗೆ ಸೆರೆ.

ಅದಕ್ಕೆ ಕೆಲವೇ ಕಲಮುಗಳ ಮುಂದೆ, 29ನೆಯದರಲ್ಲಿ, ನನ್ನ ಓದು ನಿಂತಿತು. ನೋಂದಾಯಿತ ವ್ಯಕ್ತಿ ದಾನಪತ್ರ ಮಾಡುವಂತಿಲ್ಲ, ಉಯಿಲು ಬರೆಯುವಂತಿಲ್ಲ, ದತ್ತು ತೆಗೆದುಕೊಳ್ಳುವಂತಿಲ್ಲ, ಅಪ್ರಾಪ್ತರಿಗೆ ಪೋಷಕರಾಗುವಂತಿಲ್ಲ. ಕಾಯ್ದೆ ಬರೆದವರು ದಡ್ಡರಲ್ಲ. ರಕ್ತಸಂಬಂಧದಿಂದ ಹೊರಗಾದ ಈ ಜನ ಗುರು–ಶಿಷ್ಯ ಪರಂಪರೆಯ ಮೂಲಕ ತಮ್ಮದೇ ಕುಟುಂಬ ಕಟ್ಟಿಕೊಳ್ಳುತ್ತಾರೆ, ಆಸ್ತಿ ಆ ದಾರಿಯಲ್ಲಿಯೇ ಕೈಯಿಂದ ಕೈಗೆ ಹೋಗುತ್ತದೆ ಎಂಬುದನ್ನು ಅವರು ಚೆನ್ನಾಗಿ ಅರಿತಿದ್ದರು. ಆ ದಾರಿಯನ್ನು ಕಡಿದರೆ ಒಂದೆರಡು ತಲೆಮಾರುಗಳಲ್ಲಿ ಸಮುದಾಯವೇ ಇಲ್ಲವಾಗುತ್ತದೆ ಎಂಬುದು ಲೆಕ್ಕಾಚಾರ. ಈ ಕಾಯ್ದೆಯ ಜಾರಿಯ ಕಡತಗಳನ್ನು ಶೋಧಿಸಿ 2019ರಲ್ಲಿ ಗ್ರಂಥ ಪ್ರಕಟಿಸಿದ ಇತಿಹಾಸಕಾರ್ತಿ ಜೆಸ್ಸಿಕಾ ಹಿಂಚಿ, ಅಧಿಕಾರಿಗಳ ಉದ್ದೇಶ ಸಮುದಾಯವನ್ನು ಕ್ರಮೇಣ ಅಳಿಸಿಹಾಕುವುದೇ ಆಗಿತ್ತು ಎಂದು ವಾದಿಸುತ್ತಾರೆ.

ಕಾಯ್ದೆ ಮೊದಲು ಅನ್ವಯಿಸಿದ್ದು ವಾಯವ್ಯ ಪ್ರಾಂತಗಳು, ಔಧ್ ಮತ್ತು ಪಂಜಾಬಿಗೆ; ನಮ್ಮ ನಾಡಿಗಲ್ಲ. ಎರಡನೆಯ ಭಾಗ 1911ರ ಹೊಸ ಕಾಯ್ದೆಯಲ್ಲಿ ಉಳಿಯಲಿಲ್ಲ. ಇಡೀ ಶಾಸನವನ್ನು ಸ್ವತಂತ್ರ ಭಾರತ 1952ರಲ್ಲಿ ರದ್ದುಪಡಿಸಿತು. ಹಾಗಿದ್ದಮೇಲೆ ಉತ್ತರ ಕರ್ನಾಟಕದ ನನ್ನ ಆದೇಶಕ್ಕೂ ಅದಕ್ಕೂ ಏನು ಸಂಬಂಧ ಎಂದು ಓದುಗರು ಕೇಳಬಹುದು. ನೇರ ಸಂಬಂಧವಿಲ್ಲ. ಆದರೆ 1871ರಲ್ಲಿ ನಿಷೇಧದ ಮೂಲಕ ಸಾಧಿಸಿದ್ದನ್ನು ನಾನು ಅನುಸೂಚಿಯ ಮೂಲಕ ಸಾಧಿಸಿದ್ದೆ.

ಬ್ರಿಟಿಷರು ಬರುವ ಮುನ್ನ ಎಲ್ಲವೂ ಸೊಗಸಾಗಿತ್ತು ಎಂಬ ವಾದವನ್ನು ಈಚಿನ ವರ್ಷಗಳಲ್ಲಿ ಸಾಕಷ್ಟು ಕೇಳುತ್ತಿದ್ದೇವೆ. ಅದನ್ನು ಪೂರ್ತಿ ಒಪ್ಪಲಾರೆ. ಗಂಡು ಗಂಡಿನ ಕೂಟಕ್ಕೆ ಕೌಟಿಲ್ಯ ದಂಡ ವಿಧಿಸುತ್ತಾನೆ. ಮನುಸ್ಮೃತಿ ಉಟ್ಟ ಬಟ್ಟೆಯಲ್ಲೇ ಸ್ನಾನ ಮಾಡುವ ಪ್ರಾಯಶ್ಚಿತ್ತ ಹೇಳುತ್ತದೆ. ಒಪ್ಪಿಗೆ ಅಲ್ಲಿಲ್ಲ; ಆದರೆ ಆಜೀವ ಸೆರೆಮನೆಯೂ ಇಲ್ಲ. ನಮ್ಮ ಕಾವ್ಯಗಳಲ್ಲಿ ‘ನಪುಂಸಕ’ ಎಂಬುದು ಬೈಗುಳವಾಗಿಯೂ ಬಂದಿದೆ. ಅದೇ ಪರಂಪರೆಯಲ್ಲಿ ವಿರಾಟನ ಅರಮನೆಯ ಬೃಹನ್ನಳೆಯೂ ಇದ್ದಾಳೆ. ರಾಜ ತನ್ನ ಮಗಳಿಗೆ ನಾಟ್ಯ ಕಲಿಸುವ ಹೊಣೆಯನ್ನು ನಂಬಿ ಒಪ್ಪಿಸಿದ್ದು ಆಕೆಗೆ. 1871ರ ರಿಜಿಸ್ಟರಿಗೆ ಹೆಸರು ಸೇರಿದ್ದರೆ ಬೃಹನ್ನಳೆಯ ಉಡುಗೆ ಒಂದು ಅಪರಾಧ, ಕಾಸಿಗೆ ಕುಣಿದರೆ ಇನ್ನೊಂದು. ಹದಿಮೂರನೆಯ ಶತಮಾನದ ಕೇಶಿರಾಜ ತನ್ನ ‘ಶಬ್ದಮಣಿದರ್ಪಣ’ದಲ್ಲಿ ಒಂಬತ್ತು ಲಿಂಗಗಳನ್ನು ಲೆಕ್ಕ ಹಾಕುತ್ತಾನೆ. ಅವು ಶಬ್ದಗಳ ಲಿಂಗಗಳು, ಮನುಷ್ಯರವಲ್ಲ ಎಂಬ ಅರಿವು ನನಗಿದೆ. ಆದರೂ ನಾನು ಸೇವೆಗೆ ಸೇರಿದ ಕಾಲದಲ್ಲಿ ಕೈಗೆ ಬಂದ ಯಾವ ನಮೂನೆಯಲ್ಲೂ ಎರಡಕ್ಕಿಂತ ಹೆಚ್ಚು ಚೌಕಗಳಿರಲಿಲ್ಲ ಎಂಬುದು ನೆನಪಾಗಿ ನಗು ಬರುತ್ತದೆ.

ಕಂದಾಯ ಇಲಾಖೆಯವನಾದ ನನಗೆ ಹೆಚ್ಚು ಮಹತ್ವದ್ದೆನಿಸುವುದು ವತನದ ಸಂಗತಿ. ಮರಾಠರ ಆಳ್ವಿಕೆಯ ಪ್ರದೇಶಗಳಲ್ಲಿ ಹಿಜಡಾಗಳಿಗೆ ಭೂಮಿಯ ಮತ್ತು ನಗದಿನ ವತನಗಳಿದ್ದವು. ಗೊತ್ತಾದ ಹಳ್ಳಿಗಳಲ್ಲಿ ಭಿಕ್ಷೆ ಎತ್ತುವ ಹಕ್ಕನ್ನೂ ದೊರೆಗಳು ಮಾನ್ಯ ಮಾಡಿದ್ದರು. ಕುಲಕರ್ಣಿಗೆ, ತಳವಾರನಿಗೆ ವತನವಿದ್ದ ಹಾಗೆಯೇ ಇದು. ಬೇಡುವುದು ಅಲ್ಲಿ ಹಕ್ಕು, ದಾಖಲೆಯಿರುವ ಹಕ್ಕು. ಹತ್ತೊಂಬತ್ತನೆಯ ಶತಮಾನದ ಮಧ್ಯದ ಹೊತ್ತಿಗೆ ಬಾಂಬೆ ಸರ್ಕಾರ ಇಂಥ ಹಕ್ಕುಗಳನ್ನು ಮುಂದುವರಿಸಲು ನಿರಾಕರಿಸಿತು. ಒಂದು ಕಡೆ ಇನಾಮು ಹೋಯಿತು. ಇನ್ನೊಂದು ಕಡೆ ಹಾಡು–ಕುಣಿತ ಶಿಕ್ಷಾರ್ಹವಾಯಿತು. ಅರ್ಥಶಾಸ್ತ್ರದ ವಿದ್ಯಾರ್ಥಿಯಾಗಿದ್ದವನಿಗೆ ಇದರ ಪರಿಣಾಮ ಊಹಿಸಲು ಕಷ್ಟವಿಲ್ಲ. ಒಂದು ಸಮುದಾಯದ ಗೌರವದ ಕಸುಬುಗಳನ್ನೆಲ್ಲ ಮುಚ್ಚಿದರೆ, ಉಳಿಯುವುದು ಭಿಕ್ಷೆ ಮತ್ತು ದೇಹ. ಬಳಿಕ ಭಿಕ್ಷೆಗೆ ಒಂದು ಕಾಯ್ದೆ, ದೇಹ ಮಾರಾಟಕ್ಕೆ ಇನ್ನೊಂದು. ಸಿಗ್ನಲ್‌ನಲ್ಲಿ ಚಪ್ಪಾಳೆಯ ಸದ್ದು ಕೇಳಿದೊಡನೆ ಕಾರಿನ ಗಾಜು ಏರಿಸುವ ನಾವು, ‘ಇವರಿಗೆ ದುಡಿದು ತಿನ್ನಲು ಏನು ಧಾಡಿ’ ಎಂದು ಗೊಣಗುತ್ತೇವೆ.

ಇತ್ತ 1862ರ ಜನವರಿಯಲ್ಲಿ ಜಾರಿಗೆ ಬಂದ ಭಾರತೀಯ ದಂಡಸಂಹಿತೆಯ 377ನೇ ಕಲಮಿನ ಕಥೆ ಹೆಚ್ಚು ಪರಿಚಿತ. ‘ಪ್ರಕೃತಿಯ ನಿಯಮಕ್ಕೆ ವಿರುದ್ಧವಾದ’ ಸಂಭೋಗಕ್ಕೆ ಹತ್ತು ವರ್ಷ, ಇಲ್ಲವೇ ಆಜೀವ ಸೆರೆವಾಸ. ಇಂಗ್ಲೆಂಡ್ ತನ್ನ ಮನೆಯಲ್ಲಿ ಈ ಅಪರಾಧವನ್ನು 1967ರಲ್ಲಿ ಭಾಗಶಃ ಕೈಬಿಟ್ಟಿತು. ನಾವು ಅದನ್ನು ಕುಲದ ಒಡವೆಯಂತೆ ಕಾಪಾಡಿಕೊಂಡೆವು. 1994ರಲ್ಲಿ ದೆಹಲಿ ಹೈಕೋರ್ಟಿನಲ್ಲಿ ಮೊದಲ ಪ್ರಶ್ನೆ ಎದ್ದಿತು. 2009ರ ಜುಲೈನಲ್ಲಿ ಅದೇ ನ್ಯಾಯಾಲಯ, ವಯಸ್ಕರ ಸಮ್ಮತಿಯ ಸಂಬಂಧ ಅಪರಾಧವಲ್ಲ ಎಂದಿತು. 2013ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟ್ ಆ ತೀರ್ಪನ್ನು ಅಳಿಸಿತು. 2018ರ ಸೆಪ್ಟೆಂಬರ್ 6ರಂದು ಐವರು ನ್ಯಾಯಮೂರ್ತಿಗಳ ಪೀಠ ನವತೇಜ್ ಸಿಂಗ್ ಜೋಹರ್ ಪ್ರಕರಣದಲ್ಲಿ ಅದನ್ನು ಮತ್ತೆ ತಿದ್ದಿತು. 2024ರ ಜುಲೈನಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ಆ ಕಲಮು ಇಲ್ಲ.

2013ರ ತೀರ್ಪಿನ ಒಂದು ತರ್ಕ ನನ್ನನ್ನು ಬಹಳ ಕಾಡಿತ್ತು. ನೂರೈವತ್ತು ವರ್ಷಗಳಲ್ಲಿ ವರದಿಯಾದ ಪ್ರಕರಣಗಳು ಇನ್ನೂರಕ್ಕೂ ಕಡಿಮೆ, ಇಷ್ಟು ಸಣ್ಣ ಸಂಖ್ಯೆಯ ಜನರಿಗಾಗಿ ಕಾನೂನನ್ನು ಅಸಿಂಧುಗೊಳಿಸಲಾಗದು ಎಂಬ ತರ್ಕ ಅದು. ಕಡತಗಳೊಡನೆ ಬದುಕಿದ ಯಾರಿಗೂ ತಿಳಿದಿರುವಂತೆ, ಒಂದು ಕಾನೂನಿನ ಕೆಲಸವನ್ನು ಶಿಕ್ಷೆಗಳ ಸಂಖ್ಯೆಯಿಂದ ಅಳೆಯಲಾಗದು. ಪೇದೆಗೆ ಲಾಠಿಗಿಂತ ಕಲಮಿನ ಸಂಖ್ಯೆ ಹೆಚ್ಚು ಉಪಯುಕ್ತ. ಪಾರ್ಕಿನಲ್ಲಿ ಸಿಕ್ಕ ಇಬ್ಬರಿಂದ ಕೈಗಡಿಯಾರ, ಪರ್ಸು, ಉಂಗುರ ಕಸಿಯಲು ಆರೋಪಪಟ್ಟಿ ಬೇಕಿರಲಿಲ್ಲ, ‘ಮನೆಗೆ ಫೋನ್ ಮಾಡಲೇ’ ಎಂಬ ಒಂದು ಮಾತು ಸಾಕಿತ್ತು. ರಸೀದಿಯಿಲ್ಲದ ತೆರಿಗೆ ಅದು. ಅದನ್ನು ತೆತ್ತವರು ಅಪರಿಚಿತರೇನಲ್ಲ. ಬ್ಯಾಂಕಿನ ಗುಮಾಸ್ತರು, ಕಾಲೇಜಿನ ಅಧ್ಯಾಪಕರು, ನನ್ನ ಕಚೇರಿಗಳಲ್ಲಿ ಕೆಲಸ ಮಾಡಿದವರು. ಪಿಯುಸಿಎಲ್‌ನ ಕರ್ನಾಟಕ ಘಟಕ 2001 ಮತ್ತು 2003ರಲ್ಲಿ ಪ್ರಕಟಿಸಿದ ಎರಡು ವರದಿಗಳಲ್ಲಿ ಈ ಬಗೆಯ ದೌರ್ಜನ್ಯದ ವಿವರಗಳಿವೆ. ಆಗ ನಾನು ಸೇವೆಯಲ್ಲಿದ್ದೆ; ಓದಲಿಲ್ಲ.

ಓದಬೇಕಾದದ್ದನ್ನು ನಾವು ಓದದೆ ಬಿಟ್ಟದ್ದು ಅದಕ್ಕೂ ಹಿಂದಿನಿಂದ. ಸಲಿಂಗಿಗಳ ಕುರಿತು ಸಹಾನುಭೂತಿಯಿಂದ ಬರೆದ ಭಾರತದ ಮೊದಲ ಪುಸ್ತಕಗಳಲ್ಲೊಂದು 1977ರಲ್ಲಿ ಬಂತು. ಅದನ್ನು ಬರೆದವರು ನಮ್ಮ ಬೆಂಗಳೂರಿನಲ್ಲೇ ಹುಟ್ಟಿದ ಶಕುಂತಲಾ ದೇವಿ. ಅವರ ಗಣಿತದ ಚಮತ್ಕಾರಕ್ಕೆ ಚಪ್ಪಾಳೆ ತಟ್ಟಿದ ಈ ನಗರ ಆ ಪುಸ್ತಕವನ್ನು ಗಮನಿಸಿದಂತೆ ಕಾಣದು. ಕನ್ನಡದಲ್ಲಿ ವಸುಧೇಂದ್ರರ ‘ಮೋಹನಸ್ವಾಮಿ’ ಬರಲು 2013ರವರೆಗೆ ಕಾಯಬೇಕಾಯಿತು. 377 ಮರಳಿ ಊರ್ಜಿತಗೊಂಡದ್ದೂ ಅದೇ ವರ್ಷ. ಆ ಕಥೆಗಳನ್ನು ನನಗೆ ಓದಲು ಕೊಟ್ಟದ್ದು ನನ್ನ ಮಗಳು. ನಾನು ಮುಗಿಸಿದ ಮೇಲೆ ನಮ್ಮ ಮನೆಯಲ್ಲಿ ಅದರ ಬಗ್ಗೆ ಮಾತು ನಡೆಯಲಿಲ್ಲ. ಆದರೆ ಪುಸ್ತಕ ಹಜಾರದ ಕಪಾಟಿನಲ್ಲೇ ಉಳಿಯಿತು. ನಮ್ಮಂಥ ಮನೆಗಳಲ್ಲಿ ಬದಲಾವಣೆ ಬಹುಶಃ ಹೀಗೆಯೇ ಬರುತ್ತದೆ.

ಮತ್ತೆ ರಿಜಿಸ್ಟರಿಗೆ ಬರುತ್ತೇನೆ. 1871ರ ಮಾದರಿಯನ್ನು ನೆನಪಿಸುವ ಕಾಯ್ದೆಯೊಂದನ್ನು ನಿಜಾಮರ ಹೈದರಾಬಾದ್ ಸಂಸ್ಥಾನ 1329ನೇ ಫಸಲಿಯಲ್ಲಿ, ಅಂದರೆ 1919ರ ಸುಮಾರಿಗೆ, ಜಾರಿಗೆ ತಂದಿತು. ಹೈದರಾಬಾದ್ ನಗರದಲ್ಲಿ ಮತ್ತು ಸರ್ಕಾರ ಸೂಚಿಸುವ ಇತರ ಸ್ಥಳಗಳಲ್ಲಿ ಇಂಥವರ ರಿಜಿಸ್ಟರ್ ಇಡಬೇಕೆಂಬುದು ಅದರ ಸಾರ. ನಮ್ಮ ಬೀದರ್, ಕಲಬುರಗಿ, ರಾಯಚೂರುಗಳೂ ಆಗ ಆ ಸಂಸ್ಥಾನದಲ್ಲಿದ್ದವು. ಸಂಸ್ಥಾನ ಹೋಯಿತು, ಕಾಯ್ದೆ ಮಾತ್ರ ತೆಲಂಗಾಣ ಪ್ರದೇಶದ ಶಾಸನಗ್ರಂಥದಲ್ಲಿ ಉಳಿದೇ ಇತ್ತು. ತೆಲಂಗಾಣ ಹೈಕೋರ್ಟ್ ಅದನ್ನು ಅಸಾಂವಿಧಾನಿಕವೆಂದು ರದ್ದುಗೊಳಿಸಿದ್ದು 2023ರ ಜುಲೈನಲ್ಲಿ.

ಇದು ನೆರೆರಾಜ್ಯದ ಕಥೆಯೆಂದು ನಾವು ಸಮಾಧಾನಪಡುವಂತಿಲ್ಲ. 2011ರಲ್ಲಿ ನಮ್ಮ ವಿಧಾನಮಂಡಲ ಕರ್ನಾಟಕ ಪೊಲೀಸ್ ಕಾಯ್ದೆಗೆ ತಿದ್ದುಪಡಿ ತಂದು 36ಎ ಎಂಬ ಹೊಸ ಪ್ರಕರಣವನ್ನು ಸೇರಿಸಿತು. ಹಿಜಡಾಗಳ ‘ಅನಪೇಕ್ಷಿತ ಚಟುವಟಿಕೆ’ಗಳನ್ನು ನಿಯಂತ್ರಿಸಲು ಪೊಲೀಸ್ ಆಯುಕ್ತರು ಅವರ ಹೆಸರು ಮತ್ತು ವಾಸಸ್ಥಳದ ರಿಜಿಸ್ಟರ್ ಇಡಬಹುದು, ಗಂಡುಮಕ್ಕಳ ಅಪಹರಣ, ವೃಷಣಚ್ಛೇದ, ಅನೈಸರ್ಗಿಕ ಅಪರಾಧಗಳ ಸಂಶಯವಿದ್ದರೆ ಸಾಕು, ನೋಂದಾಯಿತರು ಯಾವ ಚಟುವಟಿಕೆ ನಡೆಸಬಾರದೆಂದು ಆಯುಕ್ತರೇ ಆದೇಶಿಸಬಹುದು. 1871ರ ಕಾಯ್ದೆಯನ್ನು ಇದರ ಪಕ್ಕದಲ್ಲಿಟ್ಟು ಓದಿದೆ. ಅಪರಾಧಗಳ ಪಟ್ಟಿ ಅದೇ, ಸಂಶಯದ ಮಾತು ಅದೇ, ರಿಜಿಸ್ಟರ್ ಅದೇ. ನಡುವೆ ನೂರ ನಲವತ್ತು ವರ್ಷ ಕಳೆದಿದ್ದವು. ಒಂದು ಸ್ವಾತಂತ್ರ್ಯ, ಒಂದು ಸಂವಿಧಾನ ಬಂದಿದ್ದವು. ನಮ್ಮ ಸೇವೆಯಲ್ಲಿ ಹೊಸ ಮಸೂದೆ ಬೇಕೆಂದರೆ ಮೊದಲು ಹಳೆಯದೊಂದನ್ನು ಹುಡುಕಿ ನಕಲಿಸುವ ಅಭ್ಯಾಸವಿದೆ. ‘ಪೂರ್ವನಿದರ್ಶನ ಲಗತ್ತಿಸಿದೆ’ ಎಂಬ ಟಿಪ್ಪಣಿಯನ್ನು ನಾನೇ ಎಷ್ಟು ಬಾರಿ ಬರೆದಿದ್ದೇನೋ! ಆ ತಿದ್ದುಪಡಿ ಹೊರಬಂದಾಗ ನಾನು ಸೇವೆಯಲ್ಲಿದ್ದೆ. ರಾಜ್ಯಪತ್ರ ನನ್ನ ಮೇಜಿಗೂ ಬಂದಿರಬೇಕು.

ಲೈಂಗಿಕ ಅಲ್ಪಸಂಖ್ಯಾತರ ಸಂಘಟನೆಯೊಂದು ಹೈಕೋರ್ಟಿನ ಮೆಟ್ಟಿಲೇರಿತು. 2016ರಲ್ಲಿ ಸರ್ಕಾರ ಸಮುದಾಯವನ್ನು ಸೂಚಿಸುವ ಪದವನ್ನು ತೆಗೆದು ಅಲ್ಲಿ ‘ವ್ಯಕ್ತಿಗಳು’ ಎಂದು ಸೇರಿಸಿತು. ರಿಜಿಸ್ಟರ್ ಇಡುವ ಅಧಿಕಾರ ಹೋಗಲಿಲ್ಲ. ಒಂದು ಸಮುದಾಯಕ್ಕೆ ಮಾಡುತ್ತಿದ್ದ ಅನ್ಯಾಯವನ್ನು ಎಲ್ಲರಿಗೂ ಅನ್ವಯಿಸುವಂತೆ ಮಾಡಿ ಸಮಾನತೆ ಸಾಧಿಸುವ ಈ ವಿಧಾನ ಕರಡು ರಚನೆಯ ಇತಿಹಾಸದಲ್ಲಿ ಅಪರೂಪದ್ದೆನ್ನಬೇಕು.

ಕಾನೂನು ಬದಲಾದರೂ ಕೈ ಬದಲಾಗುವುದಿಲ್ಲ ಎಂಬುದಕ್ಕೆ ಇನ್ನೊಂದು ಪ್ರಸಂಗ ಸಾಕು. 2014ರ ಏಪ್ರಿಲ್ 15ರಂದು ಸುಪ್ರೀಂ ಕೋರ್ಟ್ ನಾಲ್ಸಾ ಪ್ರಕರಣದಲ್ಲಿ ತೃತೀಯ ಲಿಂಗವನ್ನು ಮಾನ್ಯ ಮಾಡಿ, ತನ್ನ ಲಿಂಗತ್ವವನ್ನು ನಿರ್ಧರಿಸುವ ಹಕ್ಕು ವ್ಯಕ್ತಿಯದ್ದೇ ಎಂದು ಸಾರಿತು. 1871ರ ಕಾಯ್ದೆಯನ್ನೂ ಆ ತೀರ್ಪು ಸ್ಮರಿಸಿತು. ಏಳು ತಿಂಗಳ ಬಳಿಕ, ನವೆಂಬರಿನಲ್ಲಿ, ಬೆಂಗಳೂರಿನ ಬೀದಿಗಳಿಂದ ನೂರಕ್ಕೂ ಹೆಚ್ಚು ಮಂಗಳಮುಖಿಯರನ್ನು ಪೊಲೀಸರು ಹಿಡಿದು ಮಾಗಡಿ ರಸ್ತೆಯ ನಿರಾಶ್ರಿತರ ಪರಿಹಾರ ಕೇಂದ್ರಕ್ಕೆ ಸಾಗಿಸಿದರು. ಅದಕ್ಕೆ ಭಿಕ್ಷಾಟನೆ ನಿಷೇಧ ಕಾಯ್ದೆ ಆಧಾರವಾಯಿತು.

ಒಳ್ಳೆಯ ದಾಖಲೆಗಳೂ ಇವೆ. 2011ರ ಜನಗಣತಿಯಲ್ಲಿ ಮೊದಲ ಬಾರಿಗೆ ಗಂಡು, ಹೆಣ್ಣು ಎಂಬುದರ ಜೊತೆಗೆ ‘ಇತರೆ’ ಎಂಬ ಸಂಕೇತ ಸೇರಿತು. ದೇಶದಲ್ಲಿ 4,87,803 ಮಂದಿ, ಕರ್ನಾಟಕದಲ್ಲಿ 20,266 ಮಂದಿ ಹಾಗೆ ಎಣಿಕೆಯಾದರು. ಗಣತಿದಾರರಿಗೆ ಬಾಗಿಲಲ್ಲಿ ನಿಂತು ‘ಹೌದು’ ಎನ್ನುವ ಧೈರ್ಯ ಎಷ್ಟು ಮನೆಗಳಿಗಿದೆ ಎಂದು ಯೋಚಿಸಿದರೆ, ಈ ಅಂಕಿ ವಾಸ್ತವಕ್ಕಿಂತ ಬಹಳ ಕಡಿಮೆಯಿರಬೇಕು. 2021ರಲ್ಲಿ ಕರ್ನಾಟಕ ಸರ್ಕಾರ ನೇಮಕಾತಿ ನಿಯಮಗಳಿಗೆ ತಿದ್ದುಪಡಿ ತಂದು ಎಲ್ಲ ಪ್ರವರ್ಗಗಳಲ್ಲೂ ಶೇ 1ರಷ್ಟು ಸಮತಲ ಮೀಸಲಾತಿ ಕೊಟ್ಟಿತು; ಅರ್ಜಿ ನಮೂನೆಯಲ್ಲಿ ಮೂರನೆಯ ಅಂಕಣ ಇರತಕ್ಕದ್ದು ಎಂದು ನಿಯಮದಲ್ಲೇ ಬರೆಯಿತು. ಸಾರ್ವಜನಿಕ ಉದ್ಯೋಗದಲ್ಲಿ ದೇಶಕ್ಕೇ ಮಾದರಿಯಾದ ಹೆಜ್ಜೆ. ಸಂಸತ್ತಿನ 2019ರ ಕಾಯ್ದೆಯ ಬಗ್ಗೆ ಹೀಗೆ ಹೇಳಲಾರೆ. ಲಿಂಗತ್ವ ಅಲ್ಪಸಂಖ್ಯಾತರ ಮೇಲಿನ ಲೈಂಗಿಕ ದೌರ್ಜನ್ಯಕ್ಕೆ ಅದು ಗೊತ್ತುಮಾಡಿದ ಗರಿಷ್ಠ ಶಿಕ್ಷೆ ಎರಡು ವರ್ಷ. ಮಹಿಳೆಯ ಮೇಲಿನ ಅತ್ಯಾಚಾರಕ್ಕೆ ಕನಿಷ್ಠ ಶಿಕ್ಷೆಯೇ ಆಗ ಹತ್ತು ವರ್ಷವಿತ್ತು. 1871ರಲ್ಲಿ ಬೀದಿಯಲ್ಲಿ ಸೀರೆಯುಟ್ಟದ್ದಕ್ಕೂ ಎರಡು ವರ್ಷವೇ.

2021ರ ನವೆಂಬರಿನಲ್ಲಿ ಮಂಜಮ್ಮ ಜೋಗತಿ ರಾಷ್ಟ್ರಪತಿ ಭವನದಲ್ಲಿ ಪದ್ಮಶ್ರೀ ಸ್ವೀಕರಿಸುವ ಮುನ್ನ ಸೆರಗಿನಿಂದ ರಾಷ್ಟ್ರಪತಿಗಳ ದೃಷ್ಟಿ ತೆಗೆದದ್ದನ್ನು ದೂರದರ್ಶನದಲ್ಲಿ ನಾನೂ ನೋಡಿದೆ. ಬಳ್ಳಾರಿ ಸೀಮೆಯಲ್ಲಿ ಹುಡುಗನಾಗಿ ಹುಟ್ಟಿ, ಹುಲಿಗಿಯಲ್ಲಿ ಮುತ್ತು ಕಟ್ಟಿಸಿಕೊಂಡು, ಬೀದಿಯಲ್ಲಿ ಬೇಡಿ, ಕಾಳಮ್ಮ ಜೋಗತಿಯ ಬಳಿ ಕುಣಿತ ಕಲಿತು, 2019ರಲ್ಲಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾದವರು ಅವರು. ಅವರಿಗೆ ಆ ಕಲೆಯನ್ನು ಕೊಟ್ಟದ್ದು ಹೆತ್ತ ಮನೆಯಲ್ಲ, ಇನ್ನೊಬ್ಬ ಜೋಗತಿ. ನನ್ನ ವಂಶವೃಕ್ಷದಲ್ಲಿ ಜಾಗವಿಲ್ಲದ ಸಂಬಂಧ ಅದೇ.

ಆ ಸಂಬಂಧಕ್ಕೆ ಕಾನೂನಿನಲ್ಲಿ ದಾರಿಯೇ ಇಲ್ಲವೆಂದು ಅಂದು ನಾನು ತಿಳಿದಿದ್ದೆ. ಅದೂ ಪೂರ್ತಿ ಸರಿಯಲ್ಲ. 2016ರಲ್ಲಿ ಹಿಮಾಚಲ ಪ್ರದೇಶದ ಹೈಕೋರ್ಟ್ ಇಂಥದೇ ಪ್ರಕರಣವೊಂದರಲ್ಲಿ ಸಮುದಾಯದ ರೂಢಿಯನ್ನು ಮಾನ್ಯ ಮಾಡಿ, ಮೃತ ಶಿಷ್ಯೆಯ ಆಸ್ತಿ ಗುರುವಿಗೆ ಸೇರತಕ್ಕದ್ದು ಎಂದು ತೀರ್ಪಿತ್ತಿತು. ರೂಢಿಯ ಬಗ್ಗೆ ನಾಲ್ವರು ಹಿರಿಯರ ಹೇಳಿಕೆ ಪಡೆಯಲು ನನಗೆ ಅಡ್ಡಿ ಇರಲಿಲ್ಲ. ಹಕ್ಕು ಸಾಬೀತುಪಡಿಸಲು ಸಿವಿಲ್ ನ್ಯಾಯಾಲಯಕ್ಕೆ ಹೋಗಿ ಎಂದು ಆದೇಶದ ಕೊನೆಯಲ್ಲಿ ಒಂದು ಸಾಲು ಬರೆಯಲೂ ಅಡ್ಡಿ ಇರಲಿಲ್ಲ. ಅಂದಿನ ಪಟ್ಟಿಯಲ್ಲಿ ಇನ್ನೂ ಇಪ್ಪತ್ತು ಪ್ರಕರಣಗಳಿದ್ದವು.

ಸಲಿಂಗ ಜೋಡಿಗಳ ಮುಂದೆಯೂ ಇದೇ ಪ್ರಶ್ನೆ ನಿಂತಿದೆ. 2023ರ ಅಕ್ಟೋಬರ್ 17ರಂದು ಸುಪ್ರೀಂ ಕೋರ್ಟ್ ಅವರ ವಿವಾಹಕ್ಕೆ ಮಾನ್ಯತೆ ಕೊಡಲು ನಿರಾಕರಿಸಿ ವಿಷಯವನ್ನು ಶಾಸಕಾಂಗಕ್ಕೆ ಬಿಟ್ಟಿತು. ಮರುವರ್ಷ ಕೇಂದ್ರ ಸರ್ಕಾರ, ಅವರು ಜಂಟಿ ಬ್ಯಾಂಕ್ ಖಾತೆ ತೆರೆಯಲು, ಸಂಗಾತಿಯನ್ನು ನಾಮನಿರ್ದೇಶನ ಮಾಡಲು ಅಡ್ಡಿಯಿಲ್ಲವೆಂದು ಸ್ಪಷ್ಟಪಡಿಸಿತು. ಪಡಿತರ ಚೀಟಿಗೆ ಅವರನ್ನು ಒಂದೇ ಕುಟುಂಬವೆಂದು ಪರಿಗಣಿಸುವಂತೆ ರಾಜ್ಯಗಳಿಗೆ ಬರೆಯಿತು. ನಾಮನಿರ್ದೇಶಿತರು ಹಣ ಪಡೆದುಕೊಳ್ಳಬಹುದು, ಆದರೆ ವಾರಸುದಾರರಾಗುವುದಿಲ್ಲ ಎಂಬುದು ಬ್ಯಾಂಕಿನ ಗುಮಾಸ್ತನಿಗೂ ಗೊತ್ತಿರುವ ಸಂಗತಿ. ಮೂವತ್ತು ವರ್ಷ ಒಟ್ಟಿಗೆ ಬಾಳಿ, ಉಯಿಲು ಬರೆಯದೆ ಒಬ್ಬರು ತೀರಿಕೊಂಡರೆ, ಮನೆಯ ಕೀಲಿಕೈ ಕೇಳಲು ಬರುವವನು ಅಣ್ಣನ ಮಗನೇ.

ಆ ಶಿಷ್ಯೆ ಆದೇಶದ ದೃಢೀಕೃತ ಪ್ರತಿಗಾಗಿ ವಾರದ ಬಳಿಕ ಕಚೇರಿಗೆ ಬಂದಿದ್ದರು. ನಕಲು ಶುಲ್ಕ ಕಟ್ಟಿ, ಓದು ಬಾರದ ಕಾರಣ, ತನ್ನ ಹೆಸರು ಎಲ್ಲಿದೆ ಎಂದು ತೋರಿಸುವಂತೆ ವಿಷಯನಿರ್ವಾಹಕರನ್ನು ಕೇಳಿದರಂತೆ. ಮೇಲ್ಮನವಿಯಲ್ಲಿ ‘ತಂದೆ/ಗಂಡನ ಹೆಸರು’ ಎಂಬಲ್ಲಿ ಅವರು ಗುರುವಿನ ಹೆಸರು ಬರೆಸಿದ್ದರು. ನಮ್ಮ ಕಚೇರಿಯಲ್ಲಿ ಅದನ್ನು ಹೊಡೆದುಹಾಕಿ, ಹೆತ್ತ ತಂದೆಯ ಹೆಸರನ್ನು ವಿಚಾರಿಸಿ ಬರೆಯಲಾಗಿತ್ತು. ತಿದ್ದುಪಡಿಯ ಪಕ್ಕದಲ್ಲಿ, ನಿಯಮದ ಪ್ರಕಾರ, ನನ್ನ ಕಿರುಸಹಿ ಇತ್ತು.